ಸವಳು ಎಂದು ಕಂಡ ಹೊಲ

ಅಪ್ಪಾ,

ನೀನು ತೀರಿಕೊಂಡ ಮೇಲೆ ಇವತ್ತೇ ನಿನಗೆ ಬರೆಯುತ್ತಿರುವುದು.

ಮೂಡಲಗಿಯ ನಮ್ಮ ಬ್ಯಾಂಕಿನಲ್ಲಿ ಈಗ ಬೆಳೆಸಾಲ ಕೇಳಿದವರ ಹೊಲವನ್ನು ಎಐ ಉಪಗ್ರಹದ ಚಿತ್ರದಲ್ಲೇ ಪರೀಕ್ಷಿಸುತ್ತದೆ. ತುಕ್ಕಾನಟ್ಟಿಯ ಭೀಮಶಿ ಕಾಕಾನ ಹೊಲದಲ್ಲಿ ಬಿಳಿ ಕಲೆ ಕಂಡು, ಉಪ್ಪು ಬಂದ ಸವಳು ನೆಲ, ಸಾಲ ಕೊಡಬೇಡಿ ಎಂದಿತು. ನಾನೂ ಚಿತ್ರ ನೋಡಿಯೇ ಸಾಲ ನಿರಾಕರಿಸಿ ಸಹಿ ಹಾಕಿದೆ.

ಇವತ್ತು ಕಾಕಾ ಬಂದಿದ್ದ. ಅಷ್ಟರಲ್ಲಿ ಬಿತ್ತುವ ಹದ ಮೀರಿತ್ತು. ಕಂಪ್ಯೂಟರಿನ ಹತ್ತಿರ ಬಗ್ಗಿ ಚಿತ್ರ ನೋಡಿದ.

“ಸವಳಲ್ಲ ಯವ್ವಾ, ಕುರಿ ಅದಾವು. ಗೊಬ್ಬರ ಆಗ್ಲಿ ಅಂತ ಹೊಲದಾಗ ತರುಬಿ ನಿಲ್ಲಿಸಿದ್ದೆ.”

ಕುರಿ ಕಾಯುತ್ತ ಬೆಳೆದ ನನಗೆ ಅದು ಹೊಳೆಯಲೇ ಇಲ್ಲ.

ಹೋಗುವಾಗ ಬಾಗಿಲಲ್ಲಿ ನಿಂತು ಮೆಲ್ಲಗೆ ಅಂದ:

“ನಿಮ್ಮಪ್ಪ ಹ್ವಾದ ಮ್ಯಾಲ ನೀನ ನನಗ ಮಾರಿದ ಕುರಿ ಅವು.”