ಮನೆ ಕೆಡವಿದವನ ಹೆಸರು

ಕ್ನಾಕ್‌ರೋ, ಮೇಯೋ ಕೌಂಟಿ
೧೯೪೨, ಜೂನ್ ೯

ಪ್ರೀತಿಯ ಫೆಸ್ಟಿ ತಾತನಿಗೆ,

ಅಕ್ಷರ ಸೊಟ್ಟಗಿದೆ, ಕಾಗುಣಿತವೂ ಅಲ್ಲಲ್ಲಿ ತಪ್ಪಿರುತ್ತದೆ, ಕ್ಷಮಿಸು. ನಿನಗೆ ಓದಲು ಬರುವುದಿಲ್ಲವಾದ್ದರಿಂದ ನಾನು ಕ್ಷಮೆ ಕೇಳಬೇಕಾದದ್ದು ಇದನ್ನು ಓದಿ ಹೇಳುವ ಸಿಸ್ಟರ್ ಹತ್ತಿರ. ಸಿಸ್ಟರ್, ಅವರಿಗೆ ಎಡಗಿವಿ ಮಾತ್ರ ಕೇಳಿಸುತ್ತದೆ. ದಯವಿಟ್ಟು ಆ ಕಡೆ ಕುಳಿತು ಮೆಲ್ಲಗೆ ಓದಿ. ಇದರಲ್ಲಿ ಇಡೀ ವಾರ್ಡು ಕೇಳಬಾರದ ಮಾತಿದೆ.

ತಾತ, ನೀನು ಸೊಂಟ ಮುರಿದುಕೊಂಡು ಮುದುಕರನ್ನು ನೋಡಿಕೊಳ್ಳುವ ಕೌಂಟಿ ಹೋಮಿಗೆ ಹೋಗಿ ಏಳು ತಿಂಗಳಾಯಿತು. ಒಮ್ಮೆಯೂ ನೋಡಲು ಬರಲಿಲ್ಲ. ಇಪ್ಪತ್ತು ಮೈಲಿ ದೂರ ಎಂದು ಎಲ್ಲರಿಗೂ ಹೇಳುತ್ತೇನೆ. ದೂರ ಕಾರಣವಲ್ಲ. ನಿನ್ನ ಮುಖ ನೋಡಲು ನನಗೆ ಭಯ.

ಟೋಲನ್ ಮೇಷ್ಟ್ರು ನಮಗೆಲ್ಲ ಒಂದೊಂದು ನೋಟ್‌ಬುಕ್ ಕೊಟ್ಟ ವರ್ಷ ನಿನಗೆ ನೆನಪಿರಬೇಕು. ಊರಿನ ಮುದುಕರ ಹತ್ತಿರ ಕೂತು ಹಳೆಯದನ್ನೆಲ್ಲ ಕೇಳಿ ಬರೆದುಕೊಂಡು ಬನ್ನಿ, ಡಬ್ಲಿನ್ನಿಗೆ ಕಳಿಸುತ್ತೇವೆ ಎಂದಿದ್ದರು. ಆಗ ನನಗೆ ಹನ್ನೆರಡು. ಉಳಿದ ಮಕ್ಕಳು ಕಮ್ಮಾರನ ಕಥೆ, ಪವಿತ್ರ ಬಾವಿಯ ಕಥೆ ಎಂದು ಓಡಾಡುತ್ತಿದ್ದರು. ಬೇರೆಯವರ ಮನೆಯ ಬಾಗಿಲಲ್ಲಿ ನಿಂತರೆ ನನಗೆ ಮಾತೇ ಹೊರಡುತ್ತಿರಲಿಲ್ಲ. ನೀನು ಪಕ್ಕದ ಮನೆಯವನು, ಸ್ವಂತ ತಾತನಲ್ಲದಿದ್ದರೂ ತಾತ ಎಂದೇ ಕರೆದು ಅಭ್ಯಾಸ, ಅದಕ್ಕೇ ನಿನ್ನ ಹತ್ತಿರ ಬಂದೆ. ನೀನು ಅಂಗಳದಲ್ಲಿ ಬುಟ್ಟಿ ಹೆಣೆಯುತ್ತಿದ್ದೆ. ನನ್ನನ್ನು ನೋಡಿ, "ಬಾ ಪುಟ್ಟಿ, ನಿನ್ ಮೇಷ್ಟ್ರು ಕಥೆ ಹೇಳಿದ್ರೆ ನಂಗೂ ಮಾರ್ಕ್ಸ್ ಕೊಡ್ತಾರಂತಾ? ಸ್ಕೂಲಿಗೆ ಹೋಗ್ದೇ ಇದ್ರೂ ಒಂದ್ಸಲ ಪಾಸಾಗ್ಬೇಕು ಅಂತಾಸೆ" ಎಂದು ನಕ್ಕೆ.

ನಾಲ್ಕು ಮಧ್ಯಾಹ್ನ ನೀನು ಹೇಳಿದೆ. ಸುಮಾರು ನೂರು ವರ್ಷದ ಹಿಂದೆ ಆಲೂಗಡ್ಡೆ ನೆಲದಲ್ಲೇ ಕೊಳೆತು ಬರ ಬಂದ ವರ್ಷದ ಕಥೆ. ಕ್ನಾಕ್‌ರೋದಲ್ಲಿ ಆಗ ಮೂವತ್ತೊಂದು ಮನೆಗಳಿದ್ದವಂತೆ. ಒಂದೊಂದರ ಹೆಸರನ್ನೂ ಬುಟ್ಟಿಯ ಕಡ್ಡಿ ಎಣಿಸುವ ಹಾಗೆ ಹೇಳಿದೆ. ಬಾಡಿಗೆ ಕೊಡಲಾಗದವರ ಮನೆಗಳನ್ನು ಜಮೀನುದಾರನ ಏಜೆಂಟು ಕೆಡವಿಸಿದ್ದು, ಕೆಡವಲು ಹೊರಗಿನಿಂದ ಆಳು ಸಾಲದೆ ಊರಿನವರನ್ನೇ ಕರೆದದ್ದು, ಒಂದು ಮನೆ ಕೆಡವಿದರೆ ಒಂದು ಚೀಲ ಮೆಕ್ಕೆಜೋಳದ ಹಿಟ್ಟು ಕೊಟ್ಟದ್ದು. "ನಿಧಾನ ಬರಿ, ಆದ್ರೆ ನಾನು ಸಾಯೋದ್ರೊಳಗೆ ಮುಗ್ಸು" ಎಂದು ನಡುನಡುವೆ ರೇಗಿಸುತ್ತಿದ್ದೆ.

ನಾಲ್ಕನೇ ದಿನ ನೀನು ರೇಗಿಸಲಿಲ್ಲ. ಬುಟ್ಟಿಯನ್ನೂ ಮುಟ್ಟಲಿಲ್ಲ.

"ವಿಧವೆ ನ್ಯಾಪಿ ಬ್ಯಾರೆಟ್‌ಳ ಮನೆ. ಒಳಗೆ ಅವ್ಳು, ಮೂರ್ ಮಕ್ಳು. ಒಬ್ಬ ಹಾರೆ ಹಿಡ್ಕೊಂಡು ಬಂದ. ಆ ಮನೆಗೆ ಸೂರು ಹಾಕ್ದೋನೂ ಅವ್ನೇ, ಯಾವ್ ತೊಲೆ ಮೀಟಿದ್ರೆ ಎಲ್ಲಾ ಬೀಳುತ್ತೆ ಅಂತ ಅವ್ನಿಗ್ ಗೊತ್ತು. ಒಂದೇ ಏಟು. ಆ ಚಳಿಗಾಲ ನ್ಯಾಪಿ ಮಕ್ಳನ್ನ ಕಟ್ಕೊಂಡು ಗೋಡೆ ಮಗ್ಗುಲಲ್ಲಿ ಮಲ್ಗಿದ್ಲು. ನಾಲ್ಕೂ ಜನ ಅಲ್ಲೇ ಹೋದ್ರು." ಆಮೇಲೆ ನನ್ನ ಪೆನ್ಸಿಲ್ ನೋಡುತ್ತಾ ಹೇಳಿದೆ: "ಅವ್ನ ಹೆಸ್ರು ಆಂತನಿ ಮನ್ನೆಲಿ. ನಮ್ಮಪ್ಪನ ಅಪ್ಪ. ಆ ಹಿಟ್ಟು ತಿಂದು ನಮ್ಮಪ್ಪ ಬದುಕ್ದ. ಅವ್ನು ಬದುಕಿದ್ದಕ್ಕೆ ನಾನಿದ್ದೀನಿ. ನಮ್ಮನೇಲಿ ಒಬ್ರೂ ಇದನ್ನ ಬಾಯಿಬಿಟ್ಟು ಹೇಳ್ಲಿಲ್ಲ. ನೀನು ಬರ್ಕೋ. ಹೆಸ್ರು ಸಮೇತ ಬರ್ಕೋ."

ನಾನು ಮನೆಗೆ ಬಂದು ಬರೆಯಲು ಕುಳಿತೆ. ಎಲ್ಲವನ್ನೂ ಬರೆದೆ. ಆ ಹೆಸರಿನ ಜಾಗಕ್ಕೆ ಬಂದಾಗ ಪೆನ್ಸಿಲ್ ನಿಂತಿತು. ಇದನ್ನು ಓದಿದ ಮೇಲೆ ಚರ್ಚಿನಲ್ಲಿ ನಿನ್ನ ಪಕ್ಕ ಯಾರೂ ಕೂರುವುದಿಲ್ಲ ಎಂದುಕೊಂಡೆ. ನಿನ್ನ ಹೊಲಕ್ಕೆ ಯಾರೂ ಆಳು ಬರುವುದಿಲ್ಲ ಎಂದುಕೊಂಡೆ. ನಮ್ಮ ಊರಿನ ನೆನಪು ಎಂಥದ್ದೆಂದು ನಿನಗೆ ಗೊತ್ತು. ನೂರು ವರ್ಷದ ಹಿಂದಿನದನ್ನು ನಿನ್ನೆ ಆದ ಹಾಗೆ ಇಟ್ಟುಕೊಂಡಿರುತ್ತಾರೆ. ಬೇರೆ ಹೆಸರು ಹುಡುಕಿದೆ. ಗುಡ್ಡದ ಮೇಲೆ ಕಾವ್ಲಿಯವರ ಮನೆ ಖಾಲಿ ಇತ್ತು, ಒಳಗೆ ತುರಿಕೆ ಗಿಡ ಬೆಳೆದಿತ್ತು. ನಾನು ಹುಟ್ಟುವ ಮೊದಲೇ ಅವರೆಲ್ಲ ಸ್ಕಾಟ್ಲೆಂಡಿಗೆ ಹೋಗಿದ್ದರು. ಯಾರಿಗೂ ನೋವಾಗುವುದಿಲ್ಲ ಎಂದು ಕಾವ್ಲಿ ಎಂದು ಬರೆದೆ.

ಇದಕ್ಕಿಂತ ಕೆಟ್ಟದ್ದನ್ನು ಮಾರನೆಯ ದಿನ ಮಾಡಿದೆ. "ಓದು, ಕೇಳ್ತೀನಿ" ಎಂದೆಯಲ್ಲ ನೀನು. ಕಾಗದದ ಮೇಲೆ ಕಾವ್ಲಿ ಎಂದಿದ್ದಲ್ಲಿ ನಾನು ಬಾಯಲ್ಲಿ ಮನ್ನೆಲಿ ಎಂದು ಓದಿದೆ. ನೀನು ಟೋಪಿ ತೆಗೆದು ಮಂಡಿಯ ಮೇಲಿಟ್ಟುಕೊಂಡೆ. "ಆಯ್ತು ಬಿಡು. ಇನ್ ಹಗುರ" ಎಂದೆ. ಹೋಗುವಾಗ ನನಗೆ ಒಂದು ಕೋಳಿಮೊಟ್ಟೆ ಕೊಟ್ಟೆ. ಅದು ನನ್ನ ಕೈಯಲ್ಲಿ ಬೆಚ್ಚಗಿತ್ತು. ನಾನು ಅದನ್ನು ತಿನ್ನಲಿಲ್ಲ ತಾತ, ಬೇಲಿಯಾಚೆ ಎಸೆದೆ.

ಕಾವ್ಲಿಯವರು ಹಿಂದಕ್ಕೆ ಬಂದದ್ದನ್ನು ನೀನೇ ನೋಡಿದ್ದೀಯ. ಹೋದ ವರ್ಷ ಸ್ಕಾಟ್ಲೆಂಡಿನ ಕ್ಲೈಡ್‌ಬ್ಯಾಂಕಿನ ಮೇಲೆ ಜರ್ಮನ್ನರ ಬಾಂಬು ಬಿದ್ದು ಮನೆ ಹೋಗಿ, ಗಂಡನೂ ಹೋಗಿ, ಆ ಮನೆಯ ಡೀಲಿಯಾ ಒಂಬತ್ತು ವರ್ಷದ ಮಗಳು ಊನಾಳನ್ನು ಕರೆದುಕೊಂಡು ಒಂದು ಪೆಟ್ಟಿಗೆಯೊಂದಿಗೆ ಬಂದಳು. ಆಗ ಊರೆಲ್ಲ ಸೇರಿ ಅವರ ಸೂರು ಸರಿಮಾಡಿ ಕೊಟ್ಟಿತು. ಬಿತ್ತನೆಗೆ ಎಂದು ನೀನೂ ಆಲೂಗಡ್ಡೆ ಕೊಟ್ಟಿದ್ದೆ. ನೀನು ಹೋಮಿಗೆ ಹೋದ ಮೇಲೆ ಮೇಷ್ಟ್ರು ನಮ್ಮ ಕೌಂಟಿಯ ಚರಿತ್ರೆ ಎಂದು ಪುಸ್ತಕ ಮಾಡಲು ಹೊರಟರು. ನಮ್ಮ ನೋಟ್‌ಬುಕ್‌ಗಳಿಂದ ಒಳ್ಳೆಯವನ್ನು ಆರಿಸಿದರು. ನನ್ನದನ್ನು ಮಾರ್ಚಿನಲ್ಲಿ ವಾರಪತ್ರಿಕೆಗೂ ಕಳಿಸಿದರು. ಕೆಳಗೆ ನನ್ನ ಹೆಸರು ಅಚ್ಚಾಗಿತ್ತು. ಅಮ್ಮ ಅದನ್ನು ಕತ್ತರಿಸಿ ಗೋಡೆಗೆ ಅಂಟಿಸಿದ್ದಾಳೆ. ಊಟ ಮಾಡುವಾಗಲೆಲ್ಲ ಅದು ನನ್ನ ಎದುರಿಗೇ ಇರುತ್ತದೆ.

ಆ ವಾರದಿಂದ ಊರು ತಿರುಗಿತು. ಡೀಲಿಯಾ ಅಂಗಡಿಗೆ ಬಂದರೆ, "ಬಾಗ್ಲು ಭದ್ರ ಮಾಡ್ಕೊಳ್ರಪ್ಪಾ, ಹಾರೆಯವ್ಳು ಬಂದ್ಲು" ಎನ್ನುತ್ತಾರೆ. ಎಲ್ಲರೂ ನಗುತ್ತಾರೆ. ಊನಾಳನ್ನು ಶಾಲೆಯಲ್ಲಿ ಆಟಕ್ಕೆ ಸೇರಿಸುವುದಿಲ್ಲ. "ನಿಮ್ ಮುತ್ತಾತ ಕೆಡವ್ದ, ಜರ್ಮನ್ರು ನಿಮ್ದು ಕೆಡವಿದ್ರು, ಲೆಕ್ಕ ಸರಿಹೋಯ್ತು" ಎಂದನಂತೆ ಒಬ್ಬ. ಒಲೆಯಲ್ಲಿ ಉರಿಸಲು ಜೌಗುನೆಲದಿಂದ ಮಣ್ಣಿನ ಹೆಂಟೆ ಕೊಯ್ಯುವ ದಿನ ಯಾರ ಮನೆಗಾದರೂ ಹತ್ತು ಜನ ಹೋಗುತ್ತಾರಲ್ಲ, ಈ ವರ್ಷ ಅವರಿಗೆ ಒಬ್ಬರೂ ಹೋಗಲಿಲ್ಲ. ಹೆಂಟೆ ಹೊರಲು ಕತ್ತೆಯನ್ನೂ ಯಾರೂ ಕೊಡಲಿಲ್ಲ. ತಾಯಿ ಮಗಳು ಇಬ್ಬರೇ ಕೊಯ್ದರು.

ಅಮ್ಮನಿಗೆ ಹೇಳಿದೆ. ಅವಳು ರೊಟ್ಟಿ ತಟ್ಟುತ್ತಿದ್ದವಳು ತಿರುಗಿ ಕೂಡ ನೋಡದೆ, "ಬಾಯ್ಮುಚ್ಕೊಂಡಿರು. ಫೆಸ್ಟಿ ನಮ್ಗೆ ಮಾಡಿರೋದು ಒಂದಾ ಎರಡಾ? ಯುದ್ಧ ಮುಗಿದ್ರೆ ಅವ್ರು ವಾಪಸ್ ಹೋಗ್ತಾರೆ" ಎಂದಳು. ಹೋದ ವಾರ ಮೇಷ್ಟ್ರ ಹತ್ತಿರ ಹೋದೆ. ಅವರ ಬಾಗಿಲಿನ ತನಕ ಎರಡು ಸಲ ಹೋಗಿ ತಿರುಗಿ ಬಂದು, ಮೂರನೇ ಸಲ ಒಳಗೆ ಹೋದೆ. ಅವರು ಕನ್ನಡಕ ತೆಗೆದು ಒರೆಸಿಕೊಂಡರು. "ಸತ್ತೋರ ಹೆಸ್ರು ಯಾವ್ದಾದ್ರೇನಮ್ಮಾ?" ಎಂದರು. ಊನಾ ಸತ್ತಿಲ್ಲ ಸಾರ್ ಎಂದೆ. ಹೇಗೆ ಹೇಳಿದೆನೋ ಗೊತ್ತಿಲ್ಲ. ಅವರು ಕನ್ನಡಕ ಮತ್ತೆ ಹಾಕಿಕೊಂಡು, "ಸಂತ ಜಾನರ ಹಬ್ಬಕ್ಕೆ ಪುಸ್ತಕ ಪ್ರೆಸ್ಸಿಗೆ ಹೋಗುತ್ತೆ. ನಿನ್ನ ಮಾತೊಂದನ್ನೇ ನಂಬಿ ಇನ್ನೊಬ್ರ ಮನೆತನದ ಹೆಸ್ರು ಹಾಕಕ್ಕಾಗಲ್ಲ. ಫೆಸ್ಟಿ ಒಪ್ಕೊಂಡು ಗುರುತು ಹಾಕ್ಲಿ, ಸಾಕ್ಷಿ ಇರ್ಲಿ. ತಿದ್ತೀನಿ" ಎಂದರು.

ಅದಕ್ಕೇ ಈ ಕಾಗದ. ಹಬ್ಬಕ್ಕೆ ಇನ್ನು ಎರಡು ವಾರ. ಇದರ ಜೊತೆ ಇನ್ನೊಂದು ಹಾಳೆ ಇಟ್ಟಿದ್ದೇನೆ. ನೀನು ಹೇಳಿದ್ದನ್ನು ನೀನು ಹೇಳಿದ ಹೆಸರಿನಲ್ಲೇ ಬರೆದಿದ್ದೇನೆ. ಈ ಸಲ ನಾನಲ್ಲ, ಸಿಸ್ಟರ್ ಓದುತ್ತಾರೆ, ಆದ್ದರಿಂದ ಮೋಸ ಇರುವುದಿಲ್ಲ. ನಿನಗೆ ಸರಿ ಎನಿಸಿದರೆ ಕೆಳಗೆ ಗುರುತು ಹಾಕು. ಬೇಡ ಎನಿಸಿದರೆ ಹಾಕಬೇಡ. ನಾಲ್ಕು ವರ್ಷದ ಹಿಂದೆ ಹೇಳುವ ಧೈರ್ಯ ನಿನಗಿತ್ತು, ಅದನ್ನು ಬರೆಯುವ ಧೈರ್ಯ ನನಗಿರಲಿಲ್ಲ. ಈಗ ಕಾಲು ಎತ್ತಲಾಗದೆ ಮಲಗಿರುವ ನಿನ್ನನ್ನು ಮತ್ತೆ ಕೇಳುವ ಹಕ್ಕು ನನಗಿದೆಯೋ ಇಲ್ಲವೋ ತಿಳಿಯದು. ಇಷ್ಟು ವರ್ಷ ಹಗುರವಾಯಿತು ಎಂದುಕೊಂಡು ಮಲಗುತ್ತಿದ್ದೆಯಲ್ಲ, ಆ ನಿದ್ದೆಯನ್ನು ನಾನು ಕೆಡಿಸುತ್ತಿದ್ದೇನೆ.

ಕಾವ್ಲಿ ಅಲ್ಲ ಎಂದು ಹೇಳುವುದು ನನ್ನ ಕೆಲಸ. ಅದಕ್ಕೆ ನಿನ್ನ ಗುರುತು ಬರುವವರೆಗೆ ಕಾಯುವುದಿಲ್ಲ. ಯಾರು ಎಂದು ಅಮ್ಮ, ಮೇಷ್ಟ್ರಿಗೆ ಬಿಟ್ಟರೆ ಇನ್ನಾರಿಗೂ ಹೇಳಿಲ್ಲ, ಊರಿನವರು ಕೇಳಿದರೂ ಬಾಯಿ ಬಿಡುವುದಿಲ್ಲ. ಅದು ನಿನ್ನದು.

ಇವತ್ತು ಬೆಳಿಗ್ಗೆ ಜೌಗುನೆಲಕ್ಕೆ ಹೋದೆ. ಡೀಲಿಯಾ ಮತ್ತು ಊನಾ ಹೆಂಟೆಗಳನ್ನು ಒಣಗಲು ಐದೈದಾಗಿ ಒರಗಿಸಿ ನಿಲ್ಲಿಸುತ್ತಿದ್ದರು. ದಾರಿಯುದ್ದಕ್ಕೂ ಬಾಯಲ್ಲಿ ಜೋಡಿಸಿಕೊಂಡಿದ್ದ ಮಾತೆಲ್ಲ ಮರೆತುಹೋಯಿತು. ಆ ಹೆಸರು ನಾನು ಸುಳ್ಳು ಬರೆದದ್ದು, ನಿಮ್ಮವರಲ್ಲ ಎಂದಷ್ಟೇ ಹೇಳಿದೆ. ಡೀಲಿಯಾ ಸೊಂಟ ನೆಟ್ಟಗೆ ಮಾಡಿ ನಿಂತಳು. ಬೈಯುತ್ತಾಳೆ ಎಂದುಕೊಂಡೆ. "ಮೂರು ತಿಂಗ್ಳು, ಸಬೀನಾ" ಎಂದಳು, ಅಷ್ಟೇ. ಆಮೇಲೆ, "ನಂಗ್ಯಾಕೆ ಹೇಳ್ತೀಯ? ನಂಗೆ ಗೊತ್ತಿಲ್ವಾ? ಹೋಗಿ ಅಂಗಡೀಲಿ ಹೇಳು, ಜನ ತುಂಬಿರೋವಾಗ" ಎಂದಳು. ಶನಿವಾರ ಹೇಳುತ್ತೇನೆ ಎಂದೆ. ಅವಳು ಮತ್ತೆ ಬಗ್ಗಿದಳು.

ಹೊರಟುಬಿಡಬೇಕೆನಿಸಿತು. ಹೋಗಲಿಲ್ಲ. ಸಾಲಿನ ಇನ್ನೊಂದು ತುದಿಗೆ ಹೋಗಿ ನಾನೂ ಬಗ್ಗಿದೆ. ಅವಳು ಬಾ ಎನ್ನಲಿಲ್ಲ, ಬೇಡ ಎಂದೂ ಹೇಳಲಿಲ್ಲ. ಊನಾ ಮಾತ್ರ ನಡುವೆ ಒಮ್ಮೆ ಬಂದು, ನಾನು ನಿಲ್ಲಿಸಿದ್ದು ಬೀಳುತ್ತಿದ್ದುದನ್ನು ಕಂಡು ಸರಿಮಾಡಿ ಹೋದಳು. ಎರಡು ಸಾಲು ನಿಲ್ಲಿಸಿ ಬಂದಿದ್ದೇನೆ.

ದೇವರು ನಿನ್ನ ನೋವನ್ನು ಕಡಿಮೆ ಮಾಡಲಿ, ನಿನಗೆ ಯಾವ ದಾರಿ ಸರಿಯೋ ಅದನ್ನು ನಿನಗೆ ಸುಲಭ ಮಾಡಲಿ. ಗುರುತು ಹಾಕಿದರೂ ಹಾಕದಿದ್ದರೂ, ಮುಂದಿನ ಭಾನುವಾರ ನಡೆದಾದರೂ ಬಂದು ನಿನ್ನ ಎಡಗಡೆ ಕೂರುತ್ತೇನೆ.

ನಿನ್ನ ಮಾತನ್ನು ಒಮ್ಮೆ ಕೆಡಿಸಿದ,
ಸಬೀನಾ ಗ್ರೇಲಿಸ್