ಹನ್ನೊಂದು ಸಲ ‘ನೋಡಿದೆ’ ಎಂದವರಿಗೆ

ಆಸ್ಪತ್ರೆಯ ಮಾನ್ಯ ಮುಖ್ಯಾಧಿಕಾರಿಗಳೇ,

ತಾವೇ ದೂರು ಕೊಟ್ಟು, ತಮ್ಮ ಕೈಕೆಳಗಿನವರಿಂದಲೇ ವಿಚಾರಣೆ ಮಾಡಿಸಿ, ಇದೇ ಇಪ್ಪತ್ತನೇ ತಾರೀಕು ತಾವೇ ತೀರ್ಪು ಬರೆಯಲು ಕೂರುತ್ತಿದ್ದೀರಿ ಎಂದು ತಿಳಿಯಿತು. ಇಷ್ಟೆಲ್ಲ ಕೆಲಸವನ್ನು ಒಬ್ಬರೇ ಹೊತ್ತುಕೊಂಡಿದ್ದೀರಲ್ಲ, ಬೆನ್ನು ನೋಯುವುದಿಲ್ಲವೇ? ತಾವು ವಜಾ ಮಾಡಲು ಹೊರಟಿರುವ ಲಿಫ್ಟ್ ಆಪರೇಟರ್ ನನ್ನ ತಂಗಿಯ ಮಗಳು. ಹದಿನಾಲ್ಕು ವರ್ಷ ರೋಗಿಗಳನ್ನು ಮೇಲಕ್ಕೂ ಕೆಳಕ್ಕೂ ಸಾಗಿಸಿದವಳು, ಈಗ ಏಳು ತಿಂಗಳಿಂದ ಅಮಾನತಿನಲ್ಲಿ ಮನೆಯ ಗೋಡೆ ನೋಡುತ್ತಿದ್ದಾಳೆ.

ನನ್ನ ಓದು ಹಳ್ಳಿ ಶಾಲೆಯ ಏಳನೇ ತರಗತಿ. ಅದೂ ಮೇಷ್ಟರು ನನ್ನನ್ನು ಇನ್ನೊಂದು ವರ್ಷ ಸಹಿಸಲಾರದೆ ಮುಂದಕ್ಕೆ ತಳ್ಳಿದ್ದರಿಂದ. ಆದರೆ ತಮ್ಮದೇ ಕಚೇರಿಗೆ ಜವಾನನಾಗಿ ಸೇರಿ, ಟಪಾಲು ಗುಮಾಸ್ತನಾಗಿ ನಿವೃತ್ತನಾದವನು ನಾನು. ಲಕೋಟೆ ಒಡೆಯದೆ, ಒಳಗಿನ ಸುಳ್ಳನ್ನು ತೂಕದ ಮೇಲೆ ಹೇಳಬಲ್ಲವನು ಈ ಊರಿನಲ್ಲಿ ನಾನೊಬ್ಬನೇ. ತಾವು ಕಳಿಸಿದ ಆರೋಪ ಪಟ್ಟಿಯನ್ನು ಎರಡೂ ಕೈಯಲ್ಲಿ ಎತ್ತಬೇಕಾಯಿತು.

ನಡೆದದ್ದು ಇಷ್ಟೇ. ಆ ದಿನ ಅವಳು ಲಿಫ್ಟಿನ ಬಾಗಿಲಿಗೆ ‘ಕೆಟ್ಟಿದೆ’ ಎಂದು ರಟ್ಟು ತೂಗುಹಾಕಿದ್ದಳು. ತಾವು ನಾಲ್ಕನೇ ಮಹಡಿಯ ಸಭೆಗೆ ಹೊರಟಿದ್ದಿರಿ.

“ಬೇಡ ಸರ್, ಬೆಳಗ್ಗೆಯಿಂದ ಜಗ್ಗಾಡ್ತಾ ಇದೆ. ಮೆಟ್ಟಿಲಲ್ಲಿ ಹೋಗಿ.”

“ಏನಮ್ಮ, ನನಗೇ ಮೆಟ್ಟಿಲು ಹತ್ತು ಅಂತೀಯಾ? ತೆಗಿ ಆ ರಟ್ಟು.”

ತೆಗೆದಳು. ಎರಡನೇ ಮಹಡಿಗೂ ಮೂರನೆಯದಕ್ಕೂ ನಡುವೆ ಲಿಫ್ಟು ನಿಂತಿತು, ದೀಪ ಆರಿತು. ನಲವತ್ತು ನಿಮಿಷ ಒಳಗೆ ತಾವಿಬ್ಬರೇ. ಅವಳು ತಾನು ಕೂರುವ ಸ್ಟೂಲನ್ನು ತಮಗೆ ಕೊಟ್ಟಳು, ತನ್ನ ನೀರು ಕೊಟ್ಟಳು. ಅದಕ್ಕೆ ಪ್ರತಿಯಾಗಿ ತಾವು ಆರೋಪ ಪಟ್ಟಿಯ ಎರಡನೇ ಕಲಮು ಕೊಟ್ಟಿರಿ: ‘ಮೇಲಧಿಕಾರಿಯವರನ್ನು ಕಾಲು ಮುರಿದ ಸ್ಟೂಲಿನ ಮೇಲೆ ಕುಳ್ಳಿರಿಸಿ ಅವರ ಘನತೆಗೆ ಕುಂದು ತಂದದ್ದು.’ ಉಳಿದ ಮೂರು ಕಾಲಿನ ಮೇಲೆಯೇ ಆ ಸ್ಟೂಲು ಅವಳನ್ನು ವರ್ಷಗಟ್ಟಲೆ ಹೊತ್ತಿದೆ. ತಮ್ಮ ಘನತೆ ಅಷ್ಟೊಂದು ಭಾರವೆಂದು ಅದಕ್ಕೇನು ಗೊತ್ತು?

ಮೊದಲನೇ ಕಲಮು ಇನ್ನೂ ಸೊಗಸು. ಲಿಫ್ಟು ಕೆಡುತ್ತಿದೆ, ರಿಪೇರಿ ಮಾಡಿಸಿ ಎಂದು ಅವಳು ಎರಡು ವರ್ಷದಲ್ಲಿ ಹನ್ನೊಂದು ಪತ್ರ ಬರೆದಿದ್ದಳು. ಪಾಪ, ತನ್ನನ್ನು ಕಾಯುತ್ತವೆಂದು ಅವನ್ನೇ ಕಚೇರಿಯ ಕಡತದಿಂದ ತರಿಸಿ ವಿಚಾರಣೆಯಲ್ಲಿ ಮುಂದಿಟ್ಟಳು. ವಿಚಾರಣಾಧಿಕಾರಿ ಬರೆದರು: ‘ಲಿಫ್ಟು ಕೆಡುವುದೆಂದು ಆಪಾದಿತಳಿಗೆ ಮೊದಲೇ ತಿಳಿದಿತ್ತು. ತಿಳಿದೂ ಮೇಲಧಿಕಾರಿಯವರನ್ನು ಹತ್ತಿಸಿಕೊಂಡದ್ದು ಉದ್ದೇಶಪೂರ್ವಕ.’ ಬೆಂಕಿ ಬಿತ್ತೆಂದು ಕೂಗಿದವಳನ್ನೇ ಹಿಡಿದು, ನಿನಗೆ ಹೇಗೆ ಗೊತ್ತಾಯಿತು ಎಂದು ಕಂಬಕ್ಕೆ ಕಟ್ಟುವ ನ್ಯಾಯ ಇದು. ಕೋತಿ ತಾನು ತಿಂದು ಮೇಕೆಯ ಬಾಯಿಗೆ ಒರೆಸಿತಂತೆ. ಆ ಕೋತಿಗಾದರೂ ಮೇಕೆಯಿಂದ ಲಿಖಿತ ವಿವರಣೆ ಕೇಳುವಷ್ಟು ವಿದ್ಯೆ ಇರಲಿಲ್ಲ.

ಆದರೆ ಒಂದು ಮರೆತಿರಿ. ಮೊದಲ ಏಳು ಪತ್ರಗಳಿಗೆ ಮೊಹರು ಒತ್ತಿ ತಮ್ಮ ಮೇಜಿಗೆ ಇಟ್ಟದ್ದು ಇದೇ ಕೈ. ಹನ್ನೊಂದರ ಮೂಲೆಯಲ್ಲೂ ತಮ್ಮ ಹಸಿರು ಶಾಯಿಯಲ್ಲಿ ‘ನೋಡಿದೆ’ ಎಂದಿದೆ, ಕೆಳಗೆ ಎರೆಹುಳದಂಥ ಸಹಿ. ಅವಳಿಗೆ ಗೊತ್ತಿತ್ತೆಂದರೆ ತಮಗೂ ಗೊತ್ತಿತ್ತು. ಗೊತ್ತಿದ್ದೂ ಹತ್ತಿದಿರಿ. ತಮ್ಮ ಘನತೆಯ ಮೇಲೆ ತಾವೇ ಸಂಚು ಹೂಡಿದಿರೋ, ಇಲ್ಲ ‘ನೋಡಿದೆ’ ಎಂದರೆ ತಮ್ಮ ಕೋಣೆಯಲ್ಲಿ ನೋಡಲಿಲ್ಲವೆಂದೇ ಅರ್ಥವೋ? ಯಾವುದಕ್ಕೆ ಶಿಕ್ಷೆ ಕಡಿಮೆಯೋ ಅದನ್ನೇ ಆರಿಸಿಕೊಳ್ಳಿ, ನನ್ನ ಅಭ್ಯಂತರವಿಲ್ಲ.

ದೂರು ಕೊಟ್ಟವರನ್ನು ಪ್ರಶ್ನಿಸಬೇಕು ಎಂದು ಅವಳು ಕೇಳಿದಳು. ತೀರ್ಪು ಕೊಡುವವರನ್ನು ಸಾಕ್ಷಿಯಾಗಿ ಕರೆಯಲಾಗದು ಎಂಬ ಉತ್ತರ ಬಂತು. ಅವಳ ಸಹಾಯಕನೆಂದು ನಾನು ಪಕ್ಕದಲ್ಲೇ ಕೂತಿದ್ದೆ. ಕೊನೆಗೆ ವಿಚಾರಣಾಧಿಕಾರಿ ಬಾಯಿ ಚಪಲಕ್ಕೆ ಕೇಳಿದರು: “ಒಳಗೆ ಸಾಹೇಬರು ಹೇಗಿದ್ರಮ್ಮ?”

ಅವಳು ತಲೆ ತಗ್ಗಿಸಿ, “ಧೈರ್ಯವಾಗಿದ್ರು ಸರ್” ಎಂದಳು.

ಮೆಟ್ಟಿಲಿಳಿಯುವಾಗ ಹಿಡಿದು ಕೇಳಿದೆ. “ನಿಜ ಹೇಳು, ಹೇಗಿದ್ದ?”

“ಬಿಡಿ ಮಾವ. ಕತ್ತಲೆ ಅಂದ್ರೆ ಯಾರಿಗೆ ಭಯ ಇಲ್ಲ?”

“ಅತ್ತನಾ?”

“ಬಿಡಿ ಅಂದೆ. ಅವರಿಗೂ ಮನೇಲಿ ಮಕ್ಕಳಿದ್ದಾರೆ.”

ಸುಳ್ಳು ಹೇಳುವಾಗ ಅವಳು ಹೆಬ್ಬೆರಳನ್ನು ಮುಷ್ಟಿಯೊಳಗೆ ಮುಚ್ಚಿಕೊಳ್ಳುತ್ತಾಳೆ. ಎತ್ತಿ ಆಡಿಸಿದವನಿಗೆ ಗೊತ್ತಿಲ್ಲವೇ? ವಿಚಾರಣೆಯ ದಿನ ಒಂದೇ ಒಂದು ಸಲ ಮುಚ್ಚಿಕೊಂಡಳು, ‘ಧೈರ್ಯವಾಗಿದ್ರು’ ಎನ್ನುವಾಗ. ತನ್ನ ಅನ್ನ ಹೋಗುತ್ತಿದ್ದ ವಿಚಾರಣೆಯಲ್ಲಿ ಅವಳು ಆಡಿದ ಒಂದೇ ಸುಳ್ಳು, ತಮ್ಮ ಘನತೆ ಉಳಿಸಲು ಆಡಿದ್ದು. ಅದೇ ಘನತೆಗೆ ಕುಂದು ತಂದಳೆಂದು ತಾವು ಅವಳನ್ನು ಮನೆಗೆ ಕಳಿಸುತ್ತಿದ್ದೀರಿ.

ಆದ್ದರಿಂದ ಇಪ್ಪತ್ತರಂದು ತೀರ್ಪಿನ ಕುರ್ಚಿಯಿಂದ ಇಳಿಯಿರಿ. ತಮ್ಮ ಹಂಗಿನಲ್ಲಿಲ್ಲದ ಬೇರೆ ಇಲಾಖೆಯವರೊಬ್ಬರು ಮೊದಲಿನಿಂದ ವಿಚಾರಣೆ ನಡೆಸಲಿ, ಹನ್ನೊಂದು ಪತ್ರಗಳನ್ನು ಹಸಿರು ಶಾಯಿ ಸಮೇತ ಓದಲಿ. ತಾವು ಸಾಕ್ಷಿಯ ಕುರ್ಚಿಗೆ ಬನ್ನಿ. ಪ್ರಶ್ನೆ ಕೇಳುವವನು ನಾನು, ಕೇಳುವುದು ಒಂದೇ: ಆ ನಲವತ್ತು ನಿಮಿಷ ತಾವು ಹೇಗಿದ್ದಿರಿ? ಏನು ಬೇಕಾದರೂ ಹೇಳಿ, ನಾನು ಮರುಮಾತಾಡುವುದಿಲ್ಲ. ಆದರೆ ಅವಳು ಎದುರಿಗೆ ಕೂತಿರುತ್ತಾಳೆ. ಉತ್ತರವನ್ನು ಅವಳ ಮುಖ ನೋಡಿಕೊಂಡು ಹೇಳಬೇಕು, ಅಷ್ಟೆ.

ಇಂತಿ,
ಲಿಫ್ಟು ಇಂದಿಗೂ ರಿಪೇರಿಯಾಗದ ತಮ್ಮ ಕಟ್ಟಡದ ನಾಲ್ಕನೇ ಮಹಡಿಗೆ ಮೆಟ್ಟಿಲಲ್ಲೇ ಏರಿ ಬರಲಿರುವ,
ಮೊಣಕಾಲು ಸವೆದರೂ ನಾಲಿಗೆ ಸವೆಯದ ಸೋದರಮಾವ