ದೋಣಿಗೆ ಬಣ್ಣ ಹಚ್ಚುವ ಮುನ್ನ

ಮಾನ್ಯ ಮ್ಯಾಜಿಸ್ಟ್ರೇಟರಿಗೆ,

ಕೊಗ್ವೆನೊ ದಡದಲ್ಲಿ ಮೀನು ಮಾರುವ ಅಜ್ವಾಂಗ್ ಬರೆಯುವುದು.

ನನ್ನ ಗಂಡ ಒಕೆಲ್ಲೊ ವಿಕ್ಟೋರಿಯಾ ಸರೋವರದಲ್ಲಿ ಮುಳುಗಿ ಸತ್ತ. ಅವನ ಹಳದಿ ದೋಣಿಗೆ ಗುದ್ದಿದ್ದು ಈ ದಡದ ಯಜಮಾನ ಒಬಾರೆಯ ಮೋಟಾರು ದೋಣಿ ಎಂಬುದು ನನ್ನ ದೂರು. ಒಬಾರೆ ಇಲ್ಲವೆನ್ನುತ್ತಾನೆ. ಆದರೆ ಅವನ ದೋಣಿಯ ಮೂತಿಗೆ ನಮ್ಮ ಹಳದಿ ಬಣ್ಣ ಮೆತ್ತಿಕೊಂಡಿದೆ.

ನೀರಿನಲ್ಲಿ ಸಾವಾದರೆ, ಮತ್ತೆ ಇಳಿಸುವ ಮೊದಲು ದೋಣಿಗಳಿಗೆ ಹೊಸ ಬಣ್ಣ ಹಚ್ಚುವುದು ನಮ್ಮ ಪದ್ಧತಿ. ಅದನ್ನೇ ಹೇಳಿಕೊಂಡು ಒಬಾರೆ ಬಣ್ಣದ ಡಬ್ಬ ತಂದಿಟ್ಟಿದ್ದಾನೆ. ತಡೆಯಿರಿ ಎಂದು ಠಾಣೆಗೆ ಹೋದೆ.

"ತನಿಖೆ ನಡೀತಿದೆ ಕಣಮ್ಮ. ಮಧ್ಯೆ ಕೋರ್ಟೂ ಬಾಯಿ ಹಾಕಂಗಿಲ್ಲ," ಎಂದರು ಇನ್‌ಸ್ಪೆಕ್ಟರು.

"ನಿಮ್ ತನಿಖೆ ನಡೀಲಿ ಸಾಹೇಬ್ರೆ. ಅವನ ಬ್ರಷ್ಷು ಓಡ್ತದಲ್ಲ, ಅದಕ್ಕೇನ್ ಮಾಡ್ತೀರಿ?" ಎಂದೆ. ಅವರು ಚಹಾ ಕುಡಿದರು.

ಯಾರದು ತಪ್ಪೆಂದು ಈಗಲೇ ಹೇಳಿ ಎಂದು ನಿಮ್ಮನ್ನು ಕೇಳುತ್ತಿಲ್ಲ. ತನಿಖೆಯನ್ನು ಪೊಲೀಸರೇ ಮಾಡಲಿ. ಅಲ್ಲಿಯವರೆಗೆ ಆ ಮೂತಿಯನ್ನು ಯಾರೂ ಮುಟ್ಟಬಾರದೆಂದು ಮಾತ್ರ ಆದೇಶ ಕೊಡಿ.

ಪದ್ಧತಿ ನನಗೂ ಗೊತ್ತು. ಹೊಸದಾಗಿ ಗಂಡ ಸತ್ತವಳು ಕೂತ ದೋಣಿಯನ್ನು ನಮ್ಮಲ್ಲಿ ಯಾವ ಗಂಡಸೂ ಮುಟ್ಟುವುದಿಲ್ಲ. ಈ ಪತ್ರವನ್ನು ಒಬಾರೆಯ ದೋಣಿಯಲ್ಲಿ ಕೂತೇ ಬರೆದಿದ್ದೇನೆ. ಆದೇಶವನ್ನು ಇಲ್ಲಿಗೇ ಕಳಿಸಿ.

ಇಳಿಯದೆ ಕಾಯುತ್ತಿರುವ,
ಅಜ್ವಾಂಗ್